ವಾರಸುದಾರರಿಲ್ಲದ ನೆಲ ಮತ್ತು ವಾರಸಿನ ಹೊಣೆ

(ಕುಟುಂಬ ಸಮಾವೇಶವೊಂದರಲ್ಲಿ ಮಾಡಿದ ಭಾಷಣದ ಲಿಖಿತ ರೂಪ)



ನಮ್ಮ ಪರಿಚಯದ ಪಟ್ಟಣವೊಂದರಲ್ಲಿ ಒಬ್ಬ ವೃದ್ಧ ದರ್ಜಿ ತೀರಿಕೊಂಡರು. ಅವರು ಅವಿವಾಹಿತರು. ಹೆತ್ತವರೂ ಅಣ್ಣನೂ ಮೊದಲೇ ತೀರಿಕೊಂಡಿದ್ದರು. ಅವರ ಪಾಲಿಗೆ ಉಳಿದದ್ದು ತಂದೆಯ ಕಾಲದ ಹೆಂಚಿನ ಮನೆ, ನಾಲ್ಕು ಸೆಂಟ್ಸ್ ಜಾಗ ಮತ್ತು ಒಂದು ಹೊಲಿಗೆ ಯಂತ್ರ. ಮಯ್ಯಿತ್ ದಫನ ಮಾಡಿದ ಕೆಲವು ತಿಂಗಳ ಬಳಿಕ ಆ ಮನೆಯ ಬಾಗಿಲಿಗೆ ಬೀಗ ಬಿತ್ತು. ಪಕ್ಕದಲ್ಲೇ ಒಂದು ನೋಟೀಸು ಅಂಟಿಸಲಾಗಿತ್ತು. ಮೃತರಿಗೆ ವಾರಸುದಾರರು ಯಾರೂ ಇಲ್ಲವೆಂದು ವರದಿಯಾಗಿದೆ, ಇದ್ದಲ್ಲಿ ದಾಖಲೆ ಸಹಿತ ಹಾಜರಾಗತಕ್ಕದ್ದು ಎಂಬುದು ಅದರ ಸಾರ. ಈ ನೋಟೀಸಿನ ಕಥೆಗೆ ನಾವು ಕೊನೆಯಲ್ಲಿ ಮರಳುತ್ತೇವೆ. ಅದಕ್ಕೆ ಮೊದಲು, ಇಂತಹ ನೋಟೀಸಿನ ಹಿಂದಿರುವ ಕಾನೂನು ಯಾವುದು, ನ್ಯಾಯಾಲಯಗಳು ಅದನ್ನು ಹೇಗೆ ಕಂಡಿವೆ ಎಂಬುದನ್ನು ತಿಳಿದುಕೊಳ್ಳುವುದು ಅಗತ್ಯ.

ವ್ಯಕ್ತಿಯೊಬ್ಬ ವಾರಸುದಾರರನ್ನೂ ಮರಣಪತ್ರವನ್ನೂ ಬಿಡದೆ ಸತ್ತರೆ ಅವನ ಆಸ್ತಿ ಸರಕಾರಕ್ಕೆ ಸೇರುತ್ತದೆ. ಇಂಗ್ಲಿಷ್ ಕಾನೂನು ಇದನ್ನು ಎಸ್ಚೀಟ್ ಎನ್ನುತ್ತದೆ. ನಮ್ಮ ಮನೆಮಾತಿನಲ್ಲಿ ಹೇಳುವುದಾದರೆ ಲಾವಾರಿಸ್ ಆಸ್ತಿ. ಸಂವಿಧಾನದ 296ನೇ ವಿಧಿ ಈ ಹಕ್ಕನ್ನು ಸರಕಾರಕ್ಕೆ ನೀಡಿದೆ. ಇದರಲ್ಲಿ ಸ್ವತಃ ಅನ್ಯಾಯವೇನೂ ಇಲ್ಲ. ಒಡೆಯನಿಲ್ಲದ ನೆಲವನ್ನು ಬಲಾಢ್ಯರು ಕಬಳಿಸುವುದಕ್ಕಿಂತ ಅದು ಸಾರ್ವಜನಿಕರದ್ದಾಗುವುದು ಎಷ್ಟೋ ಮೇಲು. ಆದರೆ "ವಾರಸುದಾರರಿಲ್ಲ" ಎಂದು ತೀರ್ಮಾನಿಸುವವರು ಯಾರು? ಆಸ್ತಿಯನ್ನು ಪಡೆಯಲಿರುವವರೇ ಆ ತೀರ್ಮಾನವನ್ನೂ ಮಾಡಿದರೆ ನ್ಯಾಯ ಎಲ್ಲಿ ಉಳಿಯುತ್ತದೆ? ಇಡೀ ವಿವಾದ ಇರುವುದು ಇಲ್ಲಿಯೇ.

ಕನ್ನಡಿಗರಿಗೆ ಈ ಪ್ರಶ್ನೆ ಹೊಸತಲ್ಲ. 1824ರಲ್ಲಿ ಕಿತ್ತೂರಿನ ದೇಸಾಯಿ ಶಿವಲಿಂಗರುದ್ರ ಸರ್ಜ ಮಕ್ಕಳಿಲ್ಲದೆ ತೀರಿಕೊಂಡಾಗ ಧಾರವಾಡದ ಕಲೆಕ್ಟರ್ ಥ್ಯಾಕರೆ ದತ್ತಕವನ್ನು ಒಪ್ಪದೆ ಖಜಾನೆಗೆ ಕಂಪೆನಿಯ ಬೀಗಮುದ್ರೆ ಹಾಕಿಸಿದನು. ಆತನ ದೃಷ್ಟಿಯಲ್ಲಿ ಸಂಸ್ಥಾನ ವಾರಸುದಾರರಿಲ್ಲದ್ದಾಗಿತ್ತು. ರಾಣಿ ಚೆನ್ನಮ್ಮ ಏನು ಮಾಡಿದರು, ಆ ವರ್ಷ ಅಕ್ಟೋಬರ್ 23ರಂದು ಥ್ಯಾಕರೆಗೆ ಏನಾಯಿತು ಎಂಬುದು ಶಾಲಾ ಮಕ್ಕಳಿಗೂ ಗೊತ್ತು. ಡಾಲ್‌ಹೌಸಿ ಸಾತಾರಾ ಮತ್ತು ಝಾನ್ಸಿಗಳನ್ನು ಇದೇ ನೆಪದಲ್ಲಿ ನುಂಗಿದ್ದು ಎರಡು ದಶಕಗಳಿಗೂ ಹೆಚ್ಚು ಕಾಲದ ಬಳಿಕ. ಅಂದು ಹಕ್ಕು ಹೇಳುವವನೂ ತೀರ್ಪು ನೀಡುವವನೂ ಒಬ್ಬನೇ ಆಗಿದ್ದನು. ಇಂದು ನಡುವೆ ನ್ಯಾಯಾಲಯವಿದೆ. ಈ ವ್ಯತ್ಯಾಸ ಸಣ್ಣದಲ್ಲ.

ಆ ವ್ಯತ್ಯಾಸದ ಬೆಲೆಯನ್ನು ತಿಳಿಯಲು ಬಿಹಾರದ ಬೇತಿಯಾ ಸಂಸ್ಥಾನದ ವ್ಯಾಜ್ಯವನ್ನು ನೋಡಬೇಕು. ಚಂಪಾರಣ್ಯದ ಈ ಜಮೀನ್ದಾರಿ ಬಹು ದೊಡ್ಡದು. ಅದರ ಕೊನೆಯ ಮಹಾರಾಜ ಹರೇಂದ್ರ ಕಿಶೋರ್ ಸಿಂಗ್ 1893ರಲ್ಲಿ ಮಕ್ಕಳಿಲ್ಲದೆ ತೀರಿಕೊಂಡರು. ಹಿರಿಯ ರಾಣಿ 1896ರಲ್ಲಿ ನಿಧನರಾದರು. ಕಿರಿಯ ರಾಣಿ ಜಾನಕಿ ಕುಂವರ್ ಆಡಳಿತಕ್ಕೆ ಅಸಮರ್ಥರೆಂದು ಘೋಷಿಸಿ 1897ರಲ್ಲಿ ಬ್ರಿಟಿಷ್ ಸರಕಾರ ಇಡೀ ಆಸ್ತಿಯನ್ನು ಕೋರ್ಟ್ ಆಫ್ ವಾರ್ಡ್ಸ್‌ಗೆ ಒಪ್ಪಿಸಿತು. ಎಂದರೆ ಸರಕಾರ ಕೇವಲ ಪಾಲಕ, ಒಡತಿ ರಾಣಿಯೇ. 1917ರಲ್ಲಿ ಗಾಂಧೀಜಿ ಚಂಪಾರಣ್ಯಕ್ಕೆ ಬಂದಾಗ ಕಂಡ ನೀಲಿ ಬೆಳೆಯ ಹಲವು ತೋಟಗಳು ಇದೇ ಸಂಸ್ಥಾನದಿಂದ ಯುರೋಪಿಯನ್ನರಿಗೆ ಗುತ್ತಿಗೆ ಹೋದ ಹಳ್ಳಿಗಳಲ್ಲಿದ್ದವು. ಇಪ್ಪತ್ತು ಕಠ್ಠಾದ ಪ್ರತಿ ಬೀಘಾದಲ್ಲಿ ಮೂರು ಕಠ್ಠಾ ನೆಲದಲ್ಲಿ ರೈತನು ಕಡ್ಡಾಯವಾಗಿ ನೀಲಿ ಬೆಳೆಯಬೇಕಿತ್ತು. ಆ ಬಡ ರೈತರಲ್ಲಿ ಹಿಂದೂಗಳೂ ಮುಸ್ಲಿಮರೂ ಇದ್ದರು.

ರಾಣಿ ಜಾನಕಿ ಕುಂವರ್ ತೀರಿಕೊಂಡದ್ದು 1954ರ ನವೆಂಬರಿನಲ್ಲಿ. ಅಲ್ಲಿಂದ ವ್ಯಾಜ್ಯ ಮೊದಲಾಯಿತು. ಎಷ್ಟೋ ತಲೆಮಾರು ಹಿಂದಿನ ಮೂಲಪುರುಷನ ಹೆಸರು ಹಿಡಿದು, ನಾವೇ ಹತ್ತಿರದ ಬಂಧುಗಳು ಎಂದು ಹೇಳಿಕೊಂಡು ಹಲವರು ಬಂದರು. ಹಳೆಯ ತೀರ್ಪುಗಳು, ವಂಶಾವಳಿಗಳು, ಸಾಕ್ಷಿಗಳ ಹೇಳಿಕೆಗಳು ಗುಡ್ಡದಂತೆ ಬಿದ್ದವು. ಇವರಾರೂ ವಾರಸುದಾರರಲ್ಲ, ಆದ್ದರಿಂದ ಆಸ್ತಿ ನಮ್ಮದು ಎಂಬುದು ಸರಕಾರದ ವಾದವಾಗಿತ್ತು. ವಾದಿಗಳಿಗೆ ಹೈಕೋರ್ಟಿನಲ್ಲಿ ಜಯವಾಯಿತು. ಸರಕಾರ ಸುಪ್ರೀಮ್ ಕೋರ್ಟಿಗೆ ಹೋಯಿತು. 1983ರಲ್ಲಿ ಅಲ್ಲಿಂದ ಬಂದ ತೀರ್ಪು ಇಂದಿಗೂ ಕಾನೂನು ವಿದ್ಯಾರ್ಥಿಗಳ ಪಠ್ಯವಾಗಿದೆ.

ಅದನ್ನು ಬರೆದವರು ನ್ಯಾಯಮೂರ್ತಿ ಸೈಯದ್ ಮುರ್ತಝಾ ಫಝಲ್ ಅಲಿ. ಈ ಹೆಸರು ಕೇಳಿದಾಗ ಕನ್ನಡಿಗರಿಗೆ ಇನ್ನೊಂದು ಹೆಸರು ನೆನಪಾಗಬೇಕು. ಅವರ ತಂದೆ ಸರ್ ಸೈಯದ್ ಫಝಲ್ ಅಲಿಯವರೇ 1953ರಲ್ಲಿ ನೇಮಕವಾದ ರಾಜ್ಯ ಪುನರ್ವಿಂಗಡಣಾ ಆಯೋಗದ ಅಧ್ಯಕ್ಷರು. ಹರಿದು ಹಂಚಿಹೋಗಿದ್ದ ಕನ್ನಡ ಪ್ರದೇಶಗಳು 1956ರಲ್ಲಿ ಒಂದಾದುದರ ಹಿಂದೆ ಆ ಆಯೋಗದ ವರದಿ ಇದೆ.

ಮಗ ನೀಡಿದ ತೀರ್ಪಿಗೆ ಎರಡು ಅಲಗುಗಳಿದ್ದವು. ಮೊದಲನೆಯದು ಹಕ್ಕುದಾರರ ಮೇಲೆ ಬಿತ್ತು. ದಾಖಲೆಯೊಂದು ನ್ಯಾಯಾಲಯದಲ್ಲಿ ಸ್ವೀಕಾರಾರ್ಹವಾಗುವುದು ಬೇರೆ, ಅದಕ್ಕೆ ತೂಕವಿರುವುದು ಬೇರೆ ಎಂದು ಅವರು ಬಿಡಿಸಿ ಹೇಳಿ, ವಾದಿಗಳ ವಂಶಾವಳಿ ಸಾಬೀತಾಗಿಲ್ಲವೆಂದು ದಾವೆಯನ್ನು ವಜಾ ಮಾಡಿದರು. ಸರಕಾರ ಗೆದ್ದಿತೆಂದು ನೀವು ಭಾವಿಸಬಹುದು. ಆದರೆ ಎರಡನೆಯ ಅಲಗು ಸರಕಾರದ ಕಡೆಗೇ ತಿರುಗಿತು. ಎದುರಾಳಿ ವಾರಸುದಾರನಲ್ಲ ಎಂದು ತೋರಿಸಿದ ಮಾತ್ರಕ್ಕೆ ಜಗತ್ತಿನಲ್ಲಿ ಬೇರೆ ವಾರಸುದಾರರೇ ಇಲ್ಲ ಎಂದಾಗುವುದಿಲ್ಲ. ಅದನ್ನು ರುಜುವಾತುಪಡಿಸುವ ಭಾರವಾದ ಹೊಣೆ ಸರಕಾರದ್ದು. ಹಕ್ಕುದಾರರಿದ್ದರೆ ಮುಂದೆ ಬರಲೆಂದು ಸಾರ್ವಜನಿಕ ಪ್ರಕಟಣೆ ಹೊರಡಿಸದೆ ಇಂತಹ ವಾದವನ್ನು ಪುರಸ್ಕರಿಸಲಾಗದು. ಲಾವಾರಿಸ್ ಎಂಬ ಹಣೆಪಟ್ಟಿಯನ್ನು ನ್ಯಾಯಾಲಯ ಸುಲಭವಾಗಿ ಒಪ್ಪುವುದಿಲ್ಲ. ಇದು ತೀರ್ಪಿನ ತಿರುಳು.

ಪರಿಣಾಮವಾಗಿ ಹಕ್ಕುದಾರರಿಗೂ ಆಸ್ತಿ ದಕ್ಕಲಿಲ್ಲ, ಸರಕಾರಕ್ಕೂ ಒಡೆತನ ಸಿಗಲಿಲ್ಲ. ಕೋರ್ಟ್ ಆಫ್ ವಾರ್ಡ್ಸ್‌ನ ಉಸ್ತುವಾರಿ ಹಾಗೆಯೇ ಮುಂದುವರಿಯಿತು. 1897ರ ಆ ತಾತ್ಕಾಲಿಕ ವ್ಯವಸ್ಥೆ 2024ರ ತನಕ, ನೂರಿಪ್ಪತ್ತೇಳು ವರ್ಷ ಬಾಳಿತು! 2024ರ ನವೆಂಬರಿನಲ್ಲಿ ಬಿಹಾರದ ಶಾಸಕಾಂಗ ಮಸೂದೆಯೊಂದನ್ನು ಅಂಗೀಕರಿಸಿ ಬೇತಿಯಾದ ಆಸ್ತಿಗಳನ್ನು ಸರಕಾರಕ್ಕೆ ಒಪ್ಪಿಸಿತು. ಸುಮಾರು 15,358 ಎಕರೆ. ಅದರಲ್ಲಿ 143 ಎಕರೆಯಷ್ಟು ನೆರೆಯ ಉತ್ತರ ಪ್ರದೇಶದಲ್ಲಿದೆ. ನ್ಯಾಯಾಲಯದಲ್ಲಿ ಸಾಬೀತು ಮಾಡಲಾಗದೆ ಉಳಿದುದನ್ನು ಶಾಸನಸಭೆಯ ಮೂಲಕ ಪಡೆದಂತಾಯಿತು. ಇದು ಸರಿಯೇ ತಪ್ಪೇ ಎಂಬುದರಲ್ಲಿ ಭಿನ್ನಾಭಿಪ್ರಾಯಕ್ಕೆ ಎಡೆಯಿದೆ. ಒಂದು ಶತಮಾನಕ್ಕೂ ಹೆಚ್ಚು ಕಾಲ ಒಡೆಯನಿಲ್ಲದೆ ಬಿದ್ದ ನೆಲಕ್ಕೆ ಯಾವುದಾದರೊಂದು ಇತ್ಯರ್ಥ ಬೇಕಿತ್ತು ಎಂಬುದನ್ನು ನಾವೂ ಅಲ್ಲಗಳೆಯುವುದಿಲ್ಲ.

ಆದರೆ ಆ ನೆಲದ ಮೇಲೆ ಈಗ ಯಾರಿದ್ದಾರೆ? ಸರಕಾರದ ಲೆಕ್ಕದಲ್ಲೇ ಅರ್ಧಕ್ಕಿಂತ ಹೆಚ್ಚು ಭಾಗ ಅತಿಕ್ರಮಣವಾಗಿದೆ. ಅತಿಕ್ರಮಣ ಎಂಬ ಒಂದೇ ಪದದೊಳಗೆ ನೂರು ಎಕರೆ ಬೇಲಿ ಹಾಕಿಕೊಂಡ ಪುಢಾರಿಯೂ ಇದ್ದಾನೆ, ಅಜ್ಜನ ಕಾಲದಿಂದ ಗುಡಿಸಲು ಕಟ್ಟಿಕೊಂಡ ಕೂಲಿಯವನೂ ಇದ್ದಾನೆ. ಬುಲ್ಡೋಜರ್ ಮೊದಲು ಹೋಗುವುದು ಯಾರ ಅಂಗಳಕ್ಕೆ ಎಂಬುದನ್ನು ಈ ದೇಶದ ಬಡವರಿಗೆ ವಿವರಿಸಬೇಕಾಗಿಲ್ಲ. ಚಂಪಾರಣ್ಯದ ಮಾತು ಬಂದಾಗ ಬತಖ್ ಮಿಯಾಂ ಅನ್ಸಾರಿಯವರನ್ನು ನೆನೆಯದೆ ಮುಂದೆ ಹೋಗಲಾಗದು. 1917ರಲ್ಲಿ ಮೋತಿಹಾರಿಯಲ್ಲಿ ಗಾಂಧೀಜಿಗೆ ವಿಷ ಬೆರೆಸಿದ ಹಾಲು ಕೊಡಬೇಕೆಂಬ ನೀಲಿ ತೋಟದ ಮ್ಯಾನೇಜರನ ಆದೇಶವನ್ನು ಧಿಕ್ಕರಿಸಿದ ಅಡುಗೆಯವರೆಂದು ಅಲ್ಲಿಯ ಜನ ಇಂದಿಗೂ ಅವರನ್ನು ಸ್ಮರಿಸುತ್ತಾರೆ. ರಾಷ್ಟ್ರಪತಿ ರಾಜೇಂದ್ರ ಪ್ರಸಾದರು 1950ರಲ್ಲಿ ಮೋತಿಹಾರಿಗೆ ಬಂದಾಗ ಆ ಕುಟುಂಬಕ್ಕೆ ಭೂಮಿ ಕೊಡಿಸುವ ಭರವಸೆ ನೀಡಿದರು. ಆ ಭರವಸೆ ಪೂರ್ಣವಾಗಿ ಈಡೇರಲಿಲ್ಲವೆಂದು ಕುಟುಂಬ ದಶಕಗಳ ಕಾಲ ಕಚೇರಿಯಿಂದ ಕಚೇರಿಗೆ ಅಲೆಯಿತು. ಸಾವಿರಾರು ಎಕರೆಗಳ ಉಸ್ತುವಾರಿ ಸರಕಾರದ ಕೈಯಲ್ಲೇ ಇದ್ದ ಜಿಲ್ಲೆ ಅದು!

ಇನ್ನೆರಡು ತೀರ್ಪುಗಳನ್ನು ಚುಟುಕಾಗಿ ಹೇಳಿಬಿಡುತ್ತೇವೆ. ಹರಿದ್ವಾರದ ಆಶ್ರಮ ಟ್ರಸ್ಟೊಂದರ ಆಸ್ತಿಯನ್ನು ಜಿಲ್ಲಾಧಿಕಾರಿಗಳು ಲಾವಾರಿಸ್ ಎಂದು ಸರಕಾರದ ವಶಕ್ಕೆ ತೆಗೆದುಕೊಂಡಿದ್ದರು. 2017ರಲ್ಲಿ ಸುಪ್ರೀಮ್ ಕೋರ್ಟು ಇದನ್ನು ಒಪ್ಪಲಿಲ್ಲ. ಸಾರ್ವಜನಿಕ ಧರ್ಮಾರ್ಥಕ್ಕೆ ಮೀಸಲಾದ ಆಸ್ತಿಗೆ ವಾರಸುದಾರರಿಲ್ಲ ಎಂಬ ತರ್ಕವೇ ಹೊಂದದು, ಜಿಲ್ಲಾಧಿಕಾರಿ ತಾವೇ ಕುಳಿತು ಇಂತಹ ತೀರ್ಮಾನ ಮಾಡುವಂತಿಲ್ಲ ಎಂದಿತು. ರಾಜಸ್ತಾನದ ಖೇತ್ರಿಯದ್ದು ಇನ್ನೊಂದು ಪ್ರಕರಣ. ಸ್ವಾಮಿ ವಿವೇಕಾನಂದರನ್ನು ಷಿಕಾಗೋಗೆ ಕಳುಹಿಸಲು ನೆರವಾದ ಅಜಿತ್ ಸಿಂಗರ ಸಂಸ್ಥಾನವದು. ಅದರ ಕೊನೆಯ ರಾಜ ಸರ್ದಾರ್ ಸಿಂಗ್ 1987ರಲ್ಲಿ ತೀರಿಕೊಂಡಾಗ, 1985ರ ಮರಣಪತ್ರದ ಮೂಲಕ ಆಸ್ತಿಯನ್ನು ಟ್ರಸ್ಟಿಗೆ ಬಿಟ್ಟಿದ್ದರೂ ರಾಜ್ಯ ಸರಕಾರ ಅದನ್ನು ವಶಪಡಿಸಿಕೊಂಡಿತು. 2025ರಲ್ಲಿ ಸುಪ್ರೀಮ್ ಕೋರ್ಟಿನ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರಿದ್ದ ಪೀಠ, ಮರಣಪತ್ರವನ್ನು ನ್ಯಾಯಾಲಯ ಊರ್ಜಿತಗೊಳಿಸಿದ ಮೇಲೆ ಅದನ್ನು ಪ್ರಶ್ನಿಸಲು ಸರಕಾರಕ್ಕೆ ಅಧಿಕಾರವಿಲ್ಲ ಎಂದಿತು. ಮೂವತ್ತೆಂಟು ವರ್ಷ! ಸತ್ತವನ ಇಚ್ಛೆ ಕಾಗದದ ಮೇಲಿದ್ದಾಗಲೇ ಇಷ್ಟು ಕಾಲ ಹಿಡಿದರೆ, ಕಾಗದವೇ ಇಲ್ಲದವರ ಪಾಡೇನು?

ನಮ್ಮ ಮೈಸೂರಿಗೂ ಇಂತಹ ಒಂದು ವ್ಯಾಜ್ಯದ ನಂಟಿದೆ. ಬೇಟೆಯ ಪ್ರಾಣಿಗಳ ಚರ್ಮ ಹದ ಮಾಡಿ ಜೀವಂತವೆಂಬಂತೆ ನಿಲ್ಲಿಸುವುದರಲ್ಲಿ ಲೋಕಪ್ರಸಿದ್ಧರಾಗಿದ್ದ ವ್ಯಾನ್ ಇಂಗೆನ್ ಮನೆತನದ ಎಡ್ವಿನ್ ಜುಬರ್ಟ್ ವ್ಯಾನ್ ಇಂಗೆನ್ 2013ರಲ್ಲಿ ಮೈಸೂರಿನಲ್ಲಿ ತೀರಿಕೊಂಡರು. ವಯನಾಡಿನಲ್ಲಿ ಅವರಿಗಿದ್ದ ತೋಟವನ್ನು ಕೇರಳ ಸರಕಾರ ತನ್ನ 1964ರ ಕಾನೂನಿನನ್ವಯ ಹಿಂಪಡೆಯಲು ಹೊರಟಾಗ ದಾನಪತ್ರದ ಹಕ್ಕಿನ ಪ್ರಶ್ನೆ ಎದ್ದು ವಿಷಯ ಹೈಕೋರ್ಟಿಗೆ ಹೋಯಿತು.

ಸಹೋದರರೇ, ಈ ಎಲ್ಲ ವ್ಯಾಜ್ಯಗಳಲ್ಲಿ ನಮ್ಮ ಮನಸ್ಸನ್ನು ಕಾಡುವ ಮಾತು ಒಂದಿದೆ. ವಾರಸುದಾರನೆಂದರೆ ಬರೀ ಆಸ್ತಿ ಪಡೆಯುವವನೇ? ಹಿಂದೂ ಉತ್ತರಾಧಿಕಾರ ಕಾಯಿದೆಯ 29ನೇ ಕಲಮು ವಾರಸುದಾರರಿಲ್ಲದ ಆಸ್ತಿ ಸರಕಾರಕ್ಕೆ ಸೇರುವುದೆಂದು ಹೇಳಿ ಸುಮ್ಮನಾಗುವುದಿಲ್ಲ. ವಾರಸುದಾರನಿಗಿರಬಹುದಾಗಿದ್ದ ಎಲ್ಲ ಬಾಧ್ಯತೆ ಹೊಣೆಗಳೊಂದಿಗೆ ಸರಕಾರ ಅದನ್ನು ಪಡೆಯುತ್ತದೆ ಎನ್ನುತ್ತದೆ. ಇಸ್ಲಾಮಿನಲ್ಲಂತೂ ಇದು ಇನ್ನೂ ಸ್ಪಷ್ಟ. ಪ್ರವಾದಿವರ್ಯರು(ಸ) ವಾರಸುದಾರರಿಲ್ಲದವನಿಗೆ ತಾವು ವಾರಸುದಾರರೆಂದು ಹೇಳಿದ ಅದೇ ಪ್ರಸಂಗದಲ್ಲಿ, ಸತ್ತವನು ಬಿಟ್ಟುಹೋದ ಸಾಲ ಮತ್ತು ನಿರ್ಗತಿಕ ಕುಟುಂಬದ ಭಾರವೂ ತಮ್ಮದೆಂದು ಹೇಳಿದ್ದಾರೆ. ಆಸ್ತಿಯನ್ನು ಮಾತ್ರ ಅವರು ವಾರಸುದಾರರಿಗೆ ಬಿಟ್ಟರು. ಭಾರವನ್ನು ಮೊದಲು ಹೊತ್ತು ಬಳಿಕ ಹಕ್ಕಿನ ಮಾತೆತ್ತಿದ ಮಾದರಿಯದು. ಬೈತುಲ್ ಮಾಲ್‌ಗೆ ಲಾವಾರಿಸ್ ಆಸ್ತಿ ಸೇರುತ್ತಿದ್ದುದು ಅದು ಬಡವರ, ವಿಧವೆಯರ, ಅನಾಥರ ಭಂಡಾರವಾಗಿದ್ದ ಕಾರಣದಿಂದ. ಬೇತಿಯಾದ ಹದಿನೈದು ಸಾವಿರ ಎಕರೆಗೆ ಇಂದು ವಾರಸುದಾರನಾದ ಸರಕಾರ ಅಲ್ಲಿಯ ಗುಡಿಸಲುಗಳಿಗೂ ವಾರಸುದಾರನಾಗಬೇಡವೇ? ಆ ನೆಲದಲ್ಲಿ ಎಷ್ಟು ಭೂರಹಿತರಿಗೆ ಪಟ್ಟಾ ಸಿಗುತ್ತದೆ, ಎಷ್ಟು ದೊಡ್ಡ ಕಂಪೆನಿಗಳ ಪಾಲಾಗುತ್ತದೆ ಎಂಬುದನ್ನು ಕೇಳುವ ಹಕ್ಕು ಪ್ರಜೆಗಳಿಗಿದೆ.

ಸರಕಾರವನ್ನು ಪ್ರಶ್ನಿಸುವುದು ಸುಲಭ. ಈಗ ನಮ್ಮ ಮನೆಗಳ ಕಡೆಗೆ ಬರೋಣ.

ಆ ದರ್ಜಿಗೆ ನಿಜವಾಗಿಯೂ ವಾರಸುದಾರರಿರಲಿಲ್ಲವೇ? ಇದ್ದರು. ಅವರಿಗೊಬ್ಬ ತಂಗಿ ಇದ್ದಳು. ಮದುವೆಯಾಗಿ ಬೇರೆ ಊರಿಗೆ ಹೋಗಿ ಅಲ್ಲೇ ತೀರಿಕೊಂಡವಳು. ಅವಳ ಮಗಳು ಇಂದು ಬೀಡಿ ಕಟ್ಟಿ ಮೂವರು ಮಕ್ಕಳನ್ನು ಸಾಕುತ್ತಿದ್ದಾಳೆ. ಹನಫಿ ಕಾನೂನಿನಂತೆ, ನಿಗದಿತ ಪಾಲಿನವರೂ ಉಳಿಕೆಯ ಹಕ್ಕುದಾರರೂ ಇಲ್ಲದಾಗ ದವುಲ್ ಅರ್‌ಹಾಮ್, ಎಂದರೆ ಹೆಣ್ಣಿನ ಮೂಲಕ ಬರುವ ಇಂತಹ ಬಂಧುಗಳು ವಾರಸುದಾರರಾಗುತ್ತಾರೆ. ಶಾಫಿಈ ಮದ್‌ಹಬಿನ ಉತ್ತರಕಾಲೀನ ವಿದ್ವಾಂಸರೂ ಬೈತುಲ್ ಮಾಲ್ ಕ್ರಮಬದ್ಧವಾಗಿಲ್ಲದಾಗ ಇದನ್ನು ಒಪ್ಪಿದ್ದಾರೆ. ಸರಕಾರದ ಸರದಿ ಬರುವುದು ಇವರೆಲ್ಲರ ಬಳಿಕ. ಸೋದರ ಮಾವನ ಮನೆ ತನಗೆ ಸೇರಬೇಕೆಂದು ಅವಳು ಅರ್ಜಿ ಹಿಡಿದು ಹೋದಾಗ ಕಚೇರಿಯವರು ಒಂದು ಹಳೆಯ ವಂಶವೃಕ್ಷವನ್ನು ತೆಗೆದು ತೋರಿಸಿದರು. ದರ್ಜಿಯ ತಂದೆ ತೀರಿಕೊಂಡಾಗ ಮಾಡಿಸಿದ್ದು. ಅದರಲ್ಲಿ ಇಬ್ಬರು ಗಂಡುಮಕ್ಕಳ ಹೆಸರಿತ್ತು. ಮಗಳ ಹೆಸರೇ ಇರಲಿಲ್ಲ.

ಅವಳ ಹೆಸರನ್ನು ಅಳಿಸಿದವರು ಸರಕಾರದವರಲ್ಲ. ಅಣ್ಣಂದಿರು. "ಮದುವೆಗೆ ಖರ್ಚು ಮಾಡಿದ್ದೇವಲ್ಲ, ಅವಳಿಗೇಕೆ ಪಾಲು?" ಎಂಬ ನಮ್ಮೆಲ್ಲರ ಮನೆಗಳಲ್ಲೂ ಕೇಳಿಬರುವ ಆ ಮಾತು. ತಾಯಿ ಮೊದಲೇ ತೀರಿಕೊಂಡಿದ್ದರಿಂದ ತಂದೆಯ ಆಸ್ತಿಯಲ್ಲಿ ಐದರಲ್ಲಿ ಒಂದು ಪಾಲು ಅವಳದಾಗಿತ್ತು. ಅಲ್ಲಾಹನು ನಿಗದಿಪಡಿಸಿದ ಪಾಲು. ಸಹಿ ಹಾಕಿದ ಪಂಚರು ನಮ್ಮವರು, ತಲೆಯಲ್ಲಾಡಿಸಿದ ನೆರೆಯವರು ನಮ್ಮವರು. ಅಂದು ಒಂದು ಪಾಲನ್ನು ಉಳಿಸಿಕೊಳ್ಳಲು ಬರೆದ ಸುಳ್ಳು ಇಂದು ಐದೂ ಪಾಲುಗಳನ್ನು ಬೀಗದೊಳಗೆ ಇಟ್ಟಿದೆ. ಫಝಲ್ ಅಲಿಯವರ ತೀರ್ಪು ಸರಕಾರದ ಮೇಲೆ ಎಷ್ಟೇ ಭಾರ ಹೊರಿಸಿರಲಿ, ನಾವೇ ಬರೆದುಕೊಟ್ಟ ಕಾಗದ ನಮ್ಮ ವಿರುದ್ಧ ಸಾಕ್ಷಿಯಾಗಿ ನಿಂತಾಗ ವಕೀಲನೇನು ಮಾಡಿಯಾನು?

ಎಷ್ಟು ಮನೆಗಳ ಪಹಣಿ ಇನ್ನೂ ಅಜ್ಜನ ಹೆಸರಿನಲ್ಲಿದೆ? ಪೌತಿ ಖಾತೆಗೆ ಅರ್ಜಿ ಹಾಕಿದರೆ ಸಹೋದರಿಯರ ಹೆಸರು ಬರುತ್ತದೆಂಬ ಹೆದರಿಕೆಯಿಂದಲೇ ಅರ್ಜಿ ಹಾಕದವರು ಇಲ್ಲಿಯೂ ಇರಬಹುದು. ನಾವು ಯಾರ ಮುಖವನ್ನೂ ನೋಡಿ ಹೇಳುತ್ತಿಲ್ಲ.

ಒಂಟಿಯಾಗಿರುವ ಹಿರಿಯರಿಗೂ ಒಂದು ಮಾತು. ವಸಿಯ್ಯತ್ ಆಸ್ತಿಯ ಮೂರನೇ ಒಂದಂಶವನ್ನು ಮೀರಬಾರದೆಂಬ ನಿಯಮ ಇರುವುದು ವಾರಸುದಾರರ ರಕ್ಷಣೆಗಾಗಿ. ವಾರಸುದಾರರೇ ಇಲ್ಲದವನು ಇಡೀ ಆಸ್ತಿಯನ್ನು ವಸಿಯ್ಯತ್ ಮಾಡಬಹುದು. ಗಂಡ ಅಥವಾ ಹೆಂಡತಿ ಒಬ್ಬರೇ ಉಳಿದಿದ್ದರೆ, ಬೇರೆ ಯಾವ ಬಂಧುವೂ ಇಲ್ಲದಾಗ ಉಳಿಕೆಯೂ ಅವರಿಗೇ ಮರಳುತ್ತದೆ, ಸರಕಾರಕ್ಕಲ್ಲ. ಬಾಯಿಮಾತಿನ ವಸಿಯ್ಯತ್ ಶರೀಅತ್ತಿನಲ್ಲಿ ಸಿಂಧು. ಆದರೆ ನ್ಯಾಯಾಲಯದಲ್ಲಿ ಅದನ್ನು ಸಾಬೀತು ಮಾಡುವುದು ಎಷ್ಟು ಕಷ್ಟವೆಂದು ವಕೀಲರನ್ನು ಕೇಳಿ ನೋಡಿ. ಬರೆಯಿರಿ, ಇಬ್ಬರು ಸಾಕ್ಷಿಗಳಿಂದ ಸಹಿ ಹಾಕಿಸಿರಿ, ಸಾಧ್ಯವಾದರೆ ನೋಂದಾಯಿಸಿರಿ. ವಕ್ಫ್ ಅಲಲ್ ಔಲಾದ್ ಮಾಡಿದ್ದರೆ, ಸಂತತಿ ಮುಗಿದ ಬಳಿಕ ಅದರ ಆದಾಯ ಶಿಕ್ಷಣ ಮತ್ತು ಜನಕಲ್ಯಾಣಕ್ಕೆ ಸಲ್ಲಬೇಕೆಂದು 2013ರ ತಿದ್ದುಪಡಿ ಹೇಳಿತು. ಅದು ಲಾವಾರಿಸ್ ಆಗುವುದಿಲ್ಲ. 2025ರ ತಿದ್ದುಪಡಿಯ ವಿರುದ್ಧದ ಅರ್ಜಿಗಳಲ್ಲಿ ಸುಪ್ರೀಮ್ ಕೋರ್ಟು ಆ ವರ್ಷದ ಸೆಪ್ಟೆಂಬರಿನಲ್ಲಿ ನೀಡಿದ ಮಧ್ಯಂತರ ಆದೇಶವನ್ನೂ ಗಮನಿಸಬೇಕು. ಜಾಗವೊಂದು ವಕ್ಫಿನದೋ ಸರಕಾರದ್ದೋ ಎಂದು ಸರಕಾರಿ ಅಧಿಕಾರಿಯೇ ನಿರ್ಧರಿಸುವ ವ್ಯವಸ್ಥೆಗೆ ಅದು ತಡೆ ನೀಡಿತು. ಹರಿದ್ವಾರದ ಆಶ್ರಮದ ವಿಷಯದಲ್ಲಿ ಹೇಳಿದ್ದೂ ಇದೇ ತತ್ವವನ್ನು. ಹಿಂದೂ ಆಶ್ರಮಕ್ಕೆ ಸಿಕ್ಕ ರಕ್ಷಣೆ ನಮ್ಮ ದರ್ಗಾ ಮಸೀದಿಗಳಿಗೂ, ನಮಗೆ ಸಿಕ್ಕದ್ದು ಅವರಿಗೂ ನೆರಳಾಗುತ್ತದೆ ಎಂಬುದನ್ನು ಎರಡೂ ಕಡೆಯವರು ಮರೆಯುತ್ತಿದ್ದಾರೆ.

ದರ್ಜಿಯ ಸೋದರ ಸೊಸೆಯ ವಿಷಯಕ್ಕೆ ಬರುತ್ತೇವೆ. ಅವಳ ಬಳಿ ತಾಯಿಯ ಜನನ ಪತ್ರವಿಲ್ಲ. ತಾಯಿ ಶಾಲೆಗೆ ಹೋದವಳಲ್ಲ. ಕೊನೆಗೆ ಜಮಾಅತಿನ ಹಳೆಯ ನಿಕಾಹ್ ದಫ್ತರುಗಳನ್ನು ಹುಡುಕೋಣವೆಂದು ನಾವು ಕೆಲವರು ಮಸೀದಿಯ ಮೇಲಂತಸ್ತಿನ ಕಪಾಟು ತೆರೆದೆವು. ಹಲವು ಪುಸ್ತಕಗಳನ್ನು ಗೆದ್ದಲು ತಿಂದಿತ್ತು. ಎರಡು ಸಂಜೆ ಹುಡುಕಿದ ಬಳಿಕ ಆ ಮದುವೆಯ ಪುಟ ಸಿಕ್ಕಿತು. ಅಂಚು ಹರಿದಿದ್ದರೂ ವಧುವಿನ ಹೆಸರು, ಅವಳ ತಂದೆಯ ಹೆಸರು ಓದಲು ಬರುತ್ತಿತ್ತು. ವಲಿಯಾಗಿ ತಂದೆಯೂ, ಸಾಕ್ಷಿಯಾಗಿ ಆಗಿನ್ನೂ ಯುವಕನಾಗಿದ್ದ ಆ ದರ್ಜಿಯೂ ಸಹಿ ಹಾಕಿದ್ದರು. ಅದರ ದೃಢೀಕೃತ ಪ್ರತಿಯನ್ನು ನ್ಯಾಯಾಲಯಕ್ಕೆ ಹಾಜರುಪಡಿಸಲಾಗಿದೆ. ನ್ಯಾಯಾಲಯ ಅದಕ್ಕೆ ಎಷ್ಟು ತೂಕ ಕೊಡುತ್ತದೋ ನೋಡಬೇಕು. ಮುಂದಿನ ವಾಯಿದೆಗೆ ಮುತವಲ್ಲಿಯವರು ಮೂಲ ದಫ್ತರನ್ನು ತೆಗೆದುಕೊಂಡು ಸಾಕ್ಷಿ ಹೇಳಲು ಹೋಗಲಿದ್ದಾರೆ.